ಚಿತ್ರಕಾರರ ಬಗ್ಗೆ ಸಿನಿಮಾ: ಪದೇ ಪದೇ ಕೇಳುವ ಪ್ರಶ್ನೆಗಳು

ಕನ್ನಡದಲ್ಲಿ ಈ ವಿಷಯ ಮಾತಾಡಲು ಕೂತರೆ ಮೊದಲ ತೊಡಕು ಪದದ್ದೇ. ಕುಂಚದಲ್ಲಿ ಬರೆದದ್ದೂ ಚಿತ್ರ, ಟಾಕೀಸಿನಲ್ಲಿ ನೋಡುವುದೂ ಚಿತ್ರ. ಹಾಗಾಗಿ ಇಲ್ಲಿ ‘ಚಿತ್ರ’ ಎಂದರೆ ಬಣ್ಣದ್ದು, ಗೆರೆಯದ್ದು. ಓಡುವುದನ್ನು ‘ಸಿನಿಮಾ’ ಎನ್ನುತ್ತೇನೆ. ನಾನು ಮಾಡುವುದು ಸಾಕ್ಷ್ಯಚಿತ್ರ, ಅದರಲ್ಲೂ ‘ಚಿತ್ರ’ ನುಸುಳಿದೆ, ಏನು ಮಾಡುವುದು. ಉತ್ತರ ಕರ್ನಾಟಕದ ಒಬ್ಬ ನಿವೃತ್ತ ಡ್ರಾಯಿಂಗ್ ಮೇಷ್ಟ್ರ ಬಗ್ಗೆ ಒಂದು ಸಿನಿಮಾ ಮಾಡಿದ ಮೇಲೆ, ಅಂಥದ್ದೇ ಮಾಡಬೇಕೆಂದಿರುವ ಹುಡುಗ ಹುಡುಗಿಯರು ಕೇಳುತ್ತ ಬಂದ ಪ್ರಶ್ನೆಗಳಿವು.

ಚಿತ್ರಕಾರರ ಬದುಕು ಸಿನಿಮಾಕ್ಕೆ ಹೇಳಿ ಮಾಡಿಸಿದ ವಸ್ತು ಅಲ್ಲವೆ? ಮತ್ತೆ ಹೆಚ್ಚಿನವು ಯಾಕೆ ಸಪ್ಪೆ?

ಹಾಡುಗಾರರ ಬಗ್ಗೆ ಸಿನಿಮಾ ಮಾಡಿದರೆ ಹಾಡು ಕೇಳಿಸಬಹುದು. ಪೈಲ್ವಾನರ ಬಗ್ಗೆ ಮಾಡಿದರೆ ಕುಸ್ತಿ ತೋರಿಸಬಹುದು. ಚಿತ್ರಕಾರ ಏನು ಮಾಡುತ್ತಾನೆ? ನಿಲ್ಲುತ್ತಾನೆ, ನೋಡುತ್ತಾನೆ, ಎರಡು ಹೆಜ್ಜೆ ಹಿಂದೆ ಸರಿಯುತ್ತಾನೆ, ಚಹಾ ಕುಡಿಯುತ್ತಾನೆ, ಒಂದು ಗೆರೆ ಎಳೆದು ಅದನ್ನೇ ಒರೆಸುತ್ತಾನೆ. ನಿರ್ದೇಶಕರಿಗೆ ಅಲ್ಲಿಗೆ ಜೀವ ಹೋಗುತ್ತದೆ. ಆಗ ಪ್ರೇಮ, ಕುಡಿತ, ಸಾಲ, ಹುಚ್ಚು ಎಲ್ಲವನ್ನೂ ತಂದು ತುಂಬುತ್ತಾರೆ. ಸಿನಿಮಾ ಮುಗಿಯುವ ಹೊತ್ತಿಗೆ ಅವನ ಹೆಂಡತಿ ಎಷ್ಟು ಸಲ ಅತ್ತಳೆಂದು ನಮಗೆ ಗೊತ್ತಿರುತ್ತದೆ, ಅವನು ನೀಲಿಯ ಪಕ್ಕಕ್ಕೆ ಆ ಕಂದು ಯಾಕಿಟ್ಟ ಎನ್ನುವುದು ಗೊತ್ತಿರುವುದಿಲ್ಲ.

ನನ್ನ ಕಣ್ಣು ಹೋಗುವುದು ಎರಡರ ಮೇಲೆ: ಕೈ ಮತ್ತು ಹೊತ್ತು. ಕೈ ಏನು ಮಾಡಿತು, ಅದಕ್ಕೆ ಎಷ್ಟು ಹೊತ್ತು ಹಿಡಿಯಿತು. ಇವೆರಡನ್ನು ನಿಭಾಯಿಸಿದ ಸಿನಿಮಾ ತಲೆಯೊಳಗೆ ಇಣುಕದಿದ್ದರೂ ನಡೆಯುತ್ತದೆ.

ಕುಂಚ ಹಿಡಿಯಲು ಬಾರದ ನಟನ ಕೈಲಿ ಬರೆಸುವುದು ಹೇಗೆ?

ಮೂರು ದಾರಿ ಕಂಡಿದ್ದೇನೆ.

ಒಂದು, ನಟನಿಗೇ ಕಲಿಸುವುದು. ಮೈಕ್ ಲೀ ಅವರ ‘ಮಿಸ್ಟರ್ ಟರ್ನರ್’ (2014) ಸಿನಿಮಾಕ್ಕೆ ಟಿಮೊಥಿ ಸ್ಪಾಲ್ ಸುಮಾರು ಎರಡು ವರ್ಷ ಚಿತ್ರಕಲೆ ಕಲಿತರು. ಅವರು ಕ್ಯಾನ್ವಾಸಿನ ಮೇಲೆ ಉಗುಳಿ, ಬೆರಳಲ್ಲಿ ತಿಕ್ಕುವಾಗ ಅಭಿನಯದ ವಾಸನೆಯೇ ಬರುವುದಿಲ್ಲ. ಆ ವರ್ಷ ಕಾನ್ ಚಿತ್ರೋತ್ಸವದ ಶ್ರೇಷ್ಠ ನಟ ಪ್ರಶಸ್ತಿ ಅವರಿಗೇ ಬಂತು. ಎಡ್ ಹ್ಯಾರಿಸ್ ಕೂಡ ಅಮೆರಿಕದ ಚಿತ್ರಕಾರ ಜಾಕ್ಸನ್ ಪೊಲಾಕ್ ಪಾತ್ರಕ್ಕಾಗಿ ವರ್ಷಗಟ್ಟಲೆ ಬಣ್ಣ ಚೆಲ್ಲಿ ಅಭ್ಯಾಸ ಮಾಡಿದವರು.

ಎರಡು, ಕೈಯನ್ನು ಎರವಲು ತರುವುದು. ಫ್ರೆಂಚ್ ನಿರ್ದೇಶಕ ಜಾಕ್ ರಿವೆಟ್ ಅವರ ‘ಲಾ ಬೆಲ್ ನ್ವಾಸೂಸ್’ (1991) ಹತ್ತಿರಹತ್ತಿರ ನಾಲ್ಕು ಗಂಟೆಯದು. ಮುಖ ಮಿಶೆಲ್ ಪಿಕ್ಕೊಲಿ ಅವರದು, ಕಾಗದದ ಮೇಲೆ ಓಡಾಡುವ ಕೈ ಬರ್ನಾರ್ ದ್ಯುಫೂರ್ ಎಂಬ ಚಿತ್ರಕಾರರದು. ಆ ಕೈಯನ್ನು ನಿಮಿಷಗಟ್ಟಲೆ ಕತ್ತರಿ ಹಾಕದೆ ತೋರಿಸುತ್ತಾರೆ. ನಿಬ್ಬು ಕಾಗದವನ್ನು ಕೆರೆಯುವ ಕರಕರ ಸದ್ದಿನ ಹೊರತು ಬೇರೇನೂ ಕೇಳಿಸುವುದಿಲ್ಲ. ನನ್ನ ಮಟ್ಟಿಗೆ ಆ ಸದ್ದೇ ಆ ಸಿನಿಮಾದ ಹಿನ್ನೆಲೆ ಸಂಗೀತ.

ಮೂರನೆಯದು ನಮ್ಮಲ್ಲಿ ಸಾಮಾನ್ಯ: ಅರ್ಧ ಬರೆದ ಕ್ಯಾನ್ವಾಸನ್ನು ಮುಂದಿಟ್ಟು, ನಟನ ಕೈಗೆ ಒಣ ಬ್ರಷ್ಷು ಕೊಟ್ಟು ಗಾಳಿಯಲ್ಲಿ ಆಡಿಸುವುದು. ಇದನ್ನು ಮಾಡಬೇಡಿ. ಹಳ್ಳಿಯಲ್ಲಿ ಗೋಡೆಗೆ ಸುಣ್ಣ ಬಳಿದವರಿಗೂ ಆ ಕೈ ಸುಳ್ಳೆಂದು ಗೊತ್ತಾಗುತ್ತದೆ.

ಪಿಕಾಸೊ ಸಿನಿಮಾದಲ್ಲಿ ಕೈಯೇ ಕಾಣದೆ ಗೆರೆ ತಾನಾಗಿ ಮೂಡುತ್ತದಲ್ಲ, ಅದು ಹೇಗೆ?

ಅತಿ ಹೆಚ್ಚು ಸಲ ಬಂದ ಪ್ರಶ್ನೆ ಇದು. ಆನಿಮೇಷನ್ ಇರಬೇಕೆಂದು ಬಹಳ ಮಂದಿ ತಿಳಿದಿದ್ದಾರೆ.

ಸಿನಿಮಾ ‘ಲ ಮಿಸ್ತೇರ್ ಪಿಕಾಸೊ’, ನಿರ್ದೇಶಕ ಆನ್ರಿ-ಜಾರ್ಜ್ ಕ್ಲೂಜೊ. 1955ರ ಬೇಸಿಗೆಯಲ್ಲಿ ನೀಸ್ ಪಟ್ಟಣದ ಸ್ಟುಡಿಯೋದಲ್ಲಿ ಚಿತ್ರೀಕರಣ ನಡೆಯಿತು. ಪಿಕಾಸೊಗೆ ಆಗ 73 ವರ್ಷ, ಮೈಮೇಲೆ ಒಂದು ಚಡ್ಡಿ ಅಷ್ಟೆ. ಕಾಗದದ ಹಿಂದಕ್ಕೆ ಪೂರ್ತಿ ಇಳಿಯುವ, ಆದರೆ ಅಕ್ಕಪಕ್ಕಕ್ಕೆ ಹರಡದ ಒಂದು ವಿಶೇಷ ಶಾಯಿ ಅವರಿಗೆ ಸಿಕ್ಕಿತ್ತು. ಚೌಕಟ್ಟಿಗೆ ಬಿಗಿದ ಕಾಗದದ ಒಂದು ಬದಿಯಲ್ಲಿ ಪಿಕಾಸೊ, ಇನ್ನೊಂದು ಬದಿಯಲ್ಲಿ ಕ್ಯಾಮೆರಾ. ಅವರು ಅಲ್ಲಿ ಗೆರೆ ಎಳೆದರೆ ಇಲ್ಲಿ ಅದು ತಾನಾಗಿ ಹುಟ್ಟಿದಂತೆ ಕಾಣುತ್ತದೆ. ಎಡ ಬಲ ಅದಲುಬದಲಾಗಿರುತ್ತದೆ, ಅಷ್ಟೆ. ತೊಗಲುಗೊಂಬೆ ಆಟ ನೋಡಿದವರಿಗೆ ಈ ಏರ್ಪಾಡು ತಟ್ಟನೆ ಹೊಳೆಯುತ್ತದೆ, ಪರದೆಯ ಆಚೆ ಆಡಿಸುವವನು, ಈಚೆ ನಾವು. ಕ್ಯಾಮೆರಾ ಹಿಡಿದಿದ್ದವರು ಕ್ಲೋದ್ ರೆನ್ವಾರ್, ಚಿತ್ರಕಾರ ರೆನ್ವಾರ್ ಅವರ ಮೊಮ್ಮಗ.

ಎಣ್ಣೆಬಣ್ಣ ಹೀಗೆ ಆಚೆಗೆ ಇಳಿಯುವುದಿಲ್ಲ. ಅದಕ್ಕೆ ಬೇರೆ ಉಪಾಯ: ಪಿಕಾಸೊ ಒಂದಿಷ್ಟು ಬಳಿದು ಪಕ್ಕಕ್ಕೆ ಸರಿಯಬೇಕು, ಕ್ಯಾಮೆರಾ ಎದುರಿನಿಂದ ತೆಗೆಯಬೇಕು, ಅವರು ಮತ್ತೆ ಬಂದು ಬಳಿಯಬೇಕು. ಜೋಡಿಸಿದಾಗ ಚಿತ್ರ ಒಂದೇ ಓಟದಲ್ಲಿ ಬೆಳೆದ ಹಾಗೆ ಕಾಣುತ್ತದೆ. ಇದರಲ್ಲೊಂದು ಮೋಸವಿದೆ, ಅದು ಕ್ಲೂಜೊಗೂ ಗೊತ್ತಿತ್ತು. ಜನ ಹತ್ತು ನಿಮಿಷದಲ್ಲಿ ಬರೆದರು ಎಂದುಕೊಂಡಾರು ಎಂಬ ಆತಂಕ ಸಿನಿಮಾದೊಳಗಿನ ಮಾತುಕತೆಯಲ್ಲೇ ಬರುತ್ತದೆ, ನಿಜವಾಗಿ ಹಿಡಿದದ್ದು ಗಂಟೆಗಳು ಎಂದೂ ಅಲ್ಲೇ ಹೇಳುತ್ತಾರೆ.

ನನಗೆ ಅದಕ್ಕಿಂತ ಹಿಡಿಸಿದ್ದು ಕೊನೆಯ ದೊಡ್ಡ ಚಿತ್ರ, ಕಡಲತೀರದ್ದು. ಪಿಕಾಸೊ ಬರೆಯುತ್ತಾರೆ, ಮುಚ್ಚುತ್ತಾರೆ, ಮತ್ತೆ ಬರೆಯುತ್ತಾರೆ. ನೀವು ‘ಸಾಕು, ಇಲ್ಲಿಗೆ ಬಿಡಿ’ ಎಂದು ಮನಸ್ಸಿನಲ್ಲೇ ಕೂಗುವ ಘಟ್ಟ ನಾಲ್ಕೈದು ಸಲ ಬಂದು ಹೋಗುತ್ತದೆ. ಅವರು ಬಿಡುವುದಿಲ್ಲ. ಚಿತ್ರ ಕೆಡುತ್ತದೆ, ಕೆಟ್ಟಿದೆ ಎಂದು ಅವರೇ ಒಪ್ಪಿ ಹೊಸ ಕ್ಯಾನ್ವಾಸು ಎತ್ತಿಕೊಳ್ಳುತ್ತಾರೆ. ಗ್ಯಾಲರಿಯಲ್ಲಿ ನಾವು ನೋಡುವುದು ಮೇಲಿನ ಪದರವನ್ನು ಮಾತ್ರ. ಅದರಡಿಯಲ್ಲಿ ಹೂತುಹೋದ ಚಿತ್ರಗಳನ್ನು ಕಾಣಿಸಲು ಸಿನಿಮಾಕ್ಕೇ ಸಾಧ್ಯ. ಇದಕ್ಕೆ 1956ರಲ್ಲಿ ಕಾನ್‌ನಲ್ಲಿ ತೀರ್ಪುಗಾರರ ವಿಶೇಷ ಪ್ರಶಸ್ತಿ ಬಂತು, 1984ರಲ್ಲಿ ಫ್ರಾನ್ಸ್ ಸರ್ಕಾರ ಇದನ್ನು ರಾಷ್ಟ್ರೀಯ ಸಂಪತ್ತೆಂದು ಸಾರಿತು.

ಕ್ಯಾಮೆರಾ ಮುಂದಿದ್ದರೆ ಕಲಾವಿದರು ಸಹಜವಾಗಿ ಕೆಲಸ ಮಾಡುತ್ತಾರಾ?

ಇಲ್ಲ. ಪೊಲಾಕ್ ಕಥೆ ಕೇಳಿ.

1950ರಲ್ಲಿ ಹಾನ್ಸ್ ನಮೂತ್ ಎಂಬ ಛಾಯಾಗ್ರಾಹಕ ನ್ಯೂಯಾರ್ಕ್ ಬಳಿಯ ಲಾಂಗ್ ಐಲೆಂಡ್‌ನಲ್ಲಿದ್ದ ಪೊಲಾಕ್ ಮನೆಗೆ ಹೋಗಿ ಮೊದಲು ಫೋಟೊ ತೆಗೆದ, ಆಮೇಲೆ ಬಣ್ಣದ ಸಿನಿಮಾ ತೆಗೆಯಹೊರಟ. ಒಳಗೆ ದೀಪ ಹಾಕುವಷ್ಟು ದುಡ್ಡಿಲ್ಲದ್ದರಿಂದ ಪೊಲಾಕ್ ಅಂಗಳದ ಬಿಸಿಲಲ್ಲಿ ಬರೆಯಬೇಕಾಯಿತು. ಕ್ಯಾನ್ವಾಸನ್ನು ನೆಲಕ್ಕೆ ಹಾಸಿ ಮೇಲಿಂದ ಬಣ್ಣ ತೊಟ್ಟಿಕ್ಕಿಸುವುದು ಆತನ ಪದ್ಧತಿ. ಮುಖವೂ ಕಾಣಬೇಕು, ಬಣ್ಣ ಬೀಳುವುದೂ ಕಾಣಬೇಕೆಂದು ನಮೂತ್ ಗಾಜಿನ ಹಲಗೆ ಇಡಿಸಿ, ತಾನು ಅದರಡಿ ಮಲಗಿ ಕ್ಯಾಮೆರಾ ಮೇಲಕ್ಕೆ ತಿರುಗಿಸಿದ. ಬೇಸಿಗೆ ಕಳೆದು ನವೆಂಬರ್ ಚಳಿ ಬಂತು. ನಿಲ್ಲು, ತಡಿ, ಮತ್ತೊಮ್ಮೆ ಮಾಡು ಎಂಬ ಮಾತುಗಳ ನಡುವೆ ಶೂಟಿಂಗ್ ಮುಗಿಯಿತು. ಒಳಗೆ ಹೋದವನೇ, ಎರಡು ವರ್ಷದಿಂದ ಕುಡಿತ ಬಿಟ್ಟಿದ್ದ ಪೊಲಾಕ್ ಬಾಟಲಿ ಎತ್ತಿದ. ಅದೇ ರಾತ್ರಿ ಅತಿಥಿಗಳ ಎದುರಿಗೇ ಊಟದ ಮೇಜು ಮಗುಚಿ ಹಾಕಿದ. ಹತ್ತು ನಿಮಿಷದ ಆ ಸಿನಿಮಾ ಅವನ ಹೆಸರನ್ನು ಇನ್ನಷ್ಟು ಹಬ್ಬಿಸಿತು. ಕುಡಿತಕ್ಕೆ ಸಿನಿಮಾ ಒಂದೇ ಕಾರಣ ಎನ್ನಲು ನಾನು ತಯಾರಿಲ್ಲ, ಆದರೆ ತನ್ನ ಕೈಯನ್ನು ತಾನೇ ನಕಲು ಮಾಡಬೇಕಾದವನ ಸಂಕಟ ಸಣ್ಣದಲ್ಲ.

ನಮ್ಮ ಮೇಷ್ಟ್ರು ಮೂರನೇ ದಿನವೇ ಇದನ್ನು ಹೇಳಿದ್ದರು: “ತಮ್ಮಾ, ನಿನ್ನ ಕ್ಯಾಮೆರಾ ಬಂದಾಗಿಂದ ನಾ ಚಿತ್ರಾ ಬರಿಯೂದ ಬಿಟ್ಟೇನಿ. ಚಿತ್ರಾ ಬರಿಯೋರಗತೆ ಮಾಡಾಕತ್ತೇನಿ.” ಅಂದೇ ಕ್ಯಾಮೆರಾ ಚೀಲಕ್ಕೆ ಸೇರಿತು. ಹನ್ನೊಂದು ದಿನ ಸುಮ್ಮನೆ ಹೋಗಿ ಕೂತೆ, ಬ್ರಷ್ಷು ತೊಳೆದುಕೊಟ್ಟೆ, ಅವರ ಮನೆಯವರು ಕೊಟ್ಟ ಚುರುಮುರಿ ತಿಂದೆ. ಹನ್ನೆರಡನೇ ದಿನ ಕ್ಯಾಮೆರಾ ತೆಗೆದಾಗ ಅವರು ತಿರುಗಿಯೂ ನೋಡಲಿಲ್ಲ.

ಬರೆಯುವುದನ್ನು ತೋರಿಸಲೇಬೇಕೆ?

ಬೇಕಿಲ್ಲ. ತಾರ್ಕೋವ್ಸ್ಕಿ ಅವರ ‘ಆಂದ್ರೇ ರುಬ್ಲೇವ್’ (1966) 15ನೇ ಶತಮಾನದ ರಷ್ಯಾದ ಐಕಾನ್ (ಚರ್ಚಿನ ಪೂಜಾಚಿತ್ರ) ಚಿತ್ರಕಾರನ ಕಥೆ. ಮೂರು ಗಂಟೆಯಲ್ಲಿ ಒಮ್ಮೆಯೂ ಅವನು ಐಕಾನ್ ಬರೆಯುವುದನ್ನು ನಾವು ನೋಡುವುದಿಲ್ಲ. ಒಂದು ಕಡೆ ಬಿಳಿ ಗೋಡೆಗೆ ಬಣ್ಣ ರಾಚುತ್ತಾನೆ, ಅದೂ ಸಂಕಟಕ್ಕೆ. ಯುದ್ಧ, ಬರ, ಕೊಲೆ, ಕೊನೆಗೆ ಗಂಟೆ ಎರಕ ಹೊಯ್ಯುವ ಒಬ್ಬ ಹುಡುಗ, ಎಲ್ಲ ಕಪ್ಪುಬಿಳುಪಿನಲ್ಲಿ. ಕಡೆಯ ಕೆಲವು ನಿಮಿಷ ಮಾತ್ರ ಬಣ್ಣ ಬಂದು ರುಬ್ಲೇವ್ ಬರೆದ ನಿಜವಾದ ಐಕಾನುಗಳು ತೆರೆ ತುಂಬುತ್ತವೆ.

ಮೊದಲ ಸಿನಿಮಾದಲ್ಲೇ ಇದನ್ನು ಅನುಕರಿಸಲು ಹೋಗಬೇಡಿ. ತೋರಿಸದೆ ಬಿಡಲು ಬಹಳ ಕಂಡಿರಬೇಕು.

ಶೂಟಿಂಗ್ ಮುಗಿದರೂ ಚಿತ್ರ ಮುಗಿಯದಿದ್ದರೆ?

ಅದೃಷ್ಟವಂತರು ನೀವು. ಸ್ಪೇನ್‌ನ ವಿಕ್ಟರ್ ಎರಿಸೆ 1990ರ ಶರತ್ಕಾಲದಲ್ಲಿ ಅಂತೋನಿಯೊ ಲೋಪೆಸ್ ಎಂಬ ಚಿತ್ರಕಾರರ ಬೆನ್ನಿಗೆ ಬಿದ್ದರು. ಲೋಪೆಸ್ ತಮ್ಮ ಅಂಗಳದ ಕ್ವಿನ್ಸ್ ಮರವನ್ನು (ಸೇಬು, ಪೇರಳೆಗಳ ಬಳಗದ ಹಳದಿ ಹಣ್ಣು) ಎಣ್ಣೆಬಣ್ಣದಲ್ಲಿ ಬರೆಯಹೊರಟಿದ್ದರು. ಪಾದ ಕದಲಬಾರದೆಂದು ನಿಲ್ಲುವ ಜಾಗದಲ್ಲಿ ನೆಲಕ್ಕೆ ಮೊಳೆ, ನೇರ ಹಿಡಿಯಲು ತೂಗುಗುಂಡು, ಹಣ್ಣು ತೂಕಕ್ಕೆ ಎಷ್ಟು ಜಗ್ಗಿದೆಯೆಂದು ತಿಳಿಯಲು ಎಲೆ ಹಣ್ಣುಗಳ ಮೇಲೆ ಬಿಳಿ ಬಣ್ಣದ ಗುರುತು. ಬೇಕಾದ ಬಿಸಿಲು ಬೀಳುವುದು ದಿನಕ್ಕೆ ಸ್ವಲ್ಪ ಹೊತ್ತು. ಮಳೆ ಹಿಡಿಯಿತು. ಎಣ್ಣೆಬಣ್ಣ ಕೈಬಿಟ್ಟು ಪೆನ್ಸಿಲ್ ಹಿಡಿದರು. ಹಣ್ಣು ಉದುರಿದವು. ಅದೂ ನಿಂತಿತು.

ಕಥೆ ಇಷ್ಟೇ, ಎರಡು ಗಂಟೆ ಮೀರಿದ ಸಿನಿಮಾ. ನಮ್ಮ ಮನೆಯಲ್ಲಿ ಹಾಕಿದಾಗ ಇಪ್ಪತ್ತನೇ ನಿಮಿಷಕ್ಕೆ ಎಲ್ಲರೂ ಎದ್ದುಹೋದರು, ಅಮ್ಮ ಒಬ್ಬರೇ ಕೂತಿದ್ದರು. ಹಿತ್ತಲಲ್ಲಿ ಗಿಡ ಸಾಕಿದವರಿಗೆ ಅದರಲ್ಲಿ ಬೇಸರವೇ ಇಲ್ಲ.

ವ್ಯಾನ್ ಗೋ ಬಗ್ಗೆಯೇ ಇಷ್ಟೊಂದು ಸಿನಿಮಾ ಯಾಕೆ?

ಕಿವಿ. ಇನ್ನೇನು?

ಹತ್ತು ವರ್ಷದಲ್ಲಿ ಎಂಟುನೂರಕ್ಕೂ ಹೆಚ್ಚು ಎಣ್ಣೆಬಣ್ಣದ ಚಿತ್ರ ಬರೆದ ಮನುಷ್ಯ, ತಮ್ಮ ಥಿಯೋಗೆ ನೂರಾರು ಕಾಗದ ಬರೆದು ಯಾವ ಬಣ್ಣದ ಪಕ್ಕ ಯಾವುದಿಟ್ಟೆ, ಯಾಕಿಟ್ಟೆ ಎಂದು ಕೂಲಂಕಷ ವಿವರಿಸಿದ ಕಸುಬುದಾರ. ಸಿನಿಮಾಗಳಿಗೆ ಬೇಕಾದದ್ದು ಮಾತ್ರ ಅವನು ಕಿವಿ ಕೊಯ್ದುಕೊಂಡ 1888ರ ಡಿಸೆಂಬರಿನ ಒಂದು ರಾತ್ರಿ. ‘ಲಸ್ಟ್ ಫಾರ್ ಲೈಫ್’ (1956) ನಲ್ಲಿ ಕರ್ಕ್ ಡಗ್ಲಸ್ ಗೋಧಿ ಹೊಲದ ಕಾಗೆಗಳನ್ನು ಬರೆಯುತ್ತಲೇ ಕೊನೆಯಾಗುತ್ತಾರೆ. ಅದು ವ್ಯಾನ್ ಗೋನ ಕೊನೆಯ ಚಿತ್ರ ಎಂದು ಲೋಕವೇ ನಂಬಿತು. ಕೊನೆಯದು ಮರದ ಬೇರುಗಳ ಚಿತ್ರ ಎಂದು ಈಗ ವಿದ್ವಾಂಸರು ಹೇಳುತ್ತಾರೆ. ಬೇರು ನೋಡಿ ಯಾರೂ ಅಳುವುದಿಲ್ಲವಲ್ಲ, ಕಾಗೆಯೇ ಗೆದ್ದಿತು.

‘ಲವಿಂಗ್ ವಿನ್ಸೆಂಟ್’ (2017) ಬೇರೆಯದೇ ಸಾಹಸ. ಸುಮಾರು 125 ಚಿತ್ರಕಾರರು 65,000 ಫ್ರೇಮುಗಳನ್ನು ಎಣ್ಣೆಬಣ್ಣದಲ್ಲಿ ಬರೆದರು. ಶ್ರಮಕ್ಕೆ ಕೈಮುಗಿಯುತ್ತೇನೆ. ಆದರೆ ಅಷ್ಟೂ ಕೈಗಳು ಸೇರಿ ಹೇಳಿದ್ದು, ವ್ಯಾನ್ ಗೋನ ಸಾವಿಗೆ ಕಾರಣವಾದ ಗುಂಡು ಹೊಡೆದದ್ದು ಯಾರು ಎಂಬ ಪತ್ತೇದಾರಿ ಕಥೆಯನ್ನು.

ನಮ್ಮ ದೇಶದಲ್ಲಿ ನೋಡಲೇಬೇಕಾದದ್ದು?

ಒಂದೇ ಹೆಸರು ಹೇಳು ಎಂದರೆ ಸತ್ಯಜಿತ್ ರೇ ಅವರ ‘ದಿ ಇನ್ನರ್ ಐ’ (1972). ಬರೀ ಇಪ್ಪತ್ತು ನಿಮಿಷ.

ವಸ್ತು ಬಿನೋದ್ ಬಿಹಾರಿ ಮುಖರ್ಜಿ, ಶಾಂತಿನಿಕೇತನದ ಕಲಾಭವನದಲ್ಲಿ ರೇ ಅವರ ಗುರು. ಹುಟ್ಟಿನಿಂದಲೇ ದೃಷ್ಟಿ ಬಹಳ ಮಂದ. ಅಷ್ಟು ಮಂದ ದೃಷ್ಟಿಯಲ್ಲೇ 1946–47ರಲ್ಲಿ ಅಲ್ಲಿನ ಹಿಂದಿ ಭವನದ ಗೋಡೆಗಳ ಮೇಲೆ ಮಧ್ಯಯುಗದ ಸಂತರ ದೊಡ್ಡ ಭಿತ್ತಿಚಿತ್ರ ಬರೆದರು. ನಂತರ ಕಣ್ಣಿನ ಪೊರೆಯ ಶಸ್ತ್ರಚಿಕಿತ್ಸೆ ಫಲಿಸದೆ ಪೂರ್ತಿ ಕುರುಡಾದರು. ನಿಲ್ಲಿಸಲಿಲ್ಲ. ಕಾಗದ ಕತ್ತರಿಸಿದರು, ಗೆರೆ ಎಳೆದರು, ಬೆರಳಿನಿಂದ ಮುಟ್ಟಿ ಮುಟ್ಟಿ ಆಕಾರಗಳನ್ನು ಮಾಡಿ ಹೆಂಚಿನ ಭಿತ್ತಿಚಿತ್ರ ಕಟ್ಟಿಸಿದರು.

ಈ ವಸ್ತು ಬೇರೆ ಯಾರ ಕೈಗಾದರೂ ಸಿಕ್ಕಿದ್ದರೆ ಪಿಟೀಲು ಕೊಯ್ದು ಕಣ್ಣೀರು ಹರಿಸುತ್ತಿದ್ದರು. ರೇ ತಮ್ಮದೇ ದನಿಯಲ್ಲಿ, ಪಾಠ ಒಪ್ಪಿಸುವ ಹುಡುಗನಷ್ಟು ಸಂಯಮದಿಂದ ವಿವರ ಹೇಳುತ್ತ ಹೋಗುತ್ತಾರೆ. ಕಪ್ಪು ಕನ್ನಡಕ ಹಾಕಿ ಕೂತ ಗುರುಗಳ ಬೆರಳು ಕಾಗದದ ಅಂಚು ಹುಡುಕಿಕೊಂಡು, ಅಲ್ಲಿಂದ ಅಳತೆ ಹಿಡಿದು ಗೆರೆ ಶುರುಮಾಡುತ್ತದೆ. ಕಣ್ಣಿದ್ದವರ ಗೆರೆಗಿಂತ ಅದು ಅಳುಕಿನದಲ್ಲ. ಯಾರಿಗಾದರೂ ‘ಕೈ ತೋರಿಸುವುದು’ ಅಂದರೇನು ಎಂದು ವಿವರಿಸಬೇಕಾದರೆ ನಾನು ಈ ಒಂದು ಶಾಟ್ ಹಾಕಿ ಸುಮ್ಮನಾಗುತ್ತೇನೆ.

ಉಳಿದಂತೆ, ಎಂ.ಎಫ್. ಹುಸೇನ್ ತಾವೇ ಕ್ಯಾಮೆರಾಕ್ಕೆ ಬಂದು ಫಿಲ್ಮ್ಸ್ ಡಿವಿಷನ್‌ಗಾಗಿ ರಾಜಸ್ಥಾನದಲ್ಲಿ ಮಾಡಿದ ಪುಟ್ಟ ಸಿನಿಮಾಕ್ಕೆ 1967ರ ಬರ್ಲಿನ್ ಉತ್ಸವದಲ್ಲಿ ಚಿನ್ನದ ಕರಡಿ ಪ್ರಶಸ್ತಿ ಬಂತು. ಅದರಲ್ಲಿ ವಿವರಣೆಯ ಮಾತೇ ಇಲ್ಲ. ಕಲಾವಿದನ ಕಣ್ಣು ಹೇಗೆ ಓಡಾಡುತ್ತದೆ ಎನ್ನುವುದಷ್ಟೇ ಇದೆ. ಋತ್ವಿಕ್ ಘಟಕ್ ಶಿಲ್ಪಿ ರಾಮಕಿಂಕರ್ ಬೈಜ್ ಬಗ್ಗೆ ಶುರುಮಾಡಿದ್ದು ಪೂರ್ತಿಯಾಗುವ ಮೊದಲೇ, 1976ರಲ್ಲಿ ಘಟಕ್ ತೀರಿಕೊಂಡರು.

ರಾಜಾ ರವಿವರ್ಮ?

ಕೇತನ್ ಮೆಹ್ತಾ ಅವರ ‘ರಂಗ್ ರಸಿಯಾ’ 2008ರಲ್ಲಿ ತಯಾರಾಗಿ, ಇಲ್ಲಿನ ಚಿತ್ರಮಂದಿರಕ್ಕೆ ಬಂದದ್ದು 2014ರಲ್ಲಿ. ಮಲಯಾಳಂನ ‘ಮಕರಮಂಜು’ವಿನಲ್ಲಿ ರವಿವರ್ಮನಾದವರು ಛಾಯಾಗ್ರಾಹಕ ಸಂತೋಷ್ ಶಿವನ್. ಎರಡರಲ್ಲೂ ರೂಪದರ್ಶಿಯ ಮೋಹ ಹೆಚ್ಚು, ಬಣ್ಣ ಅರೆಯುವ ಕಲ್ಲು ಕಡಿಮೆ.

ರವಿವರ್ಮನ ನಿಜವಾದ ಸಿನಿಮಾ ಕಥೆ ಅವನ ಕಲ್ಲಚ್ಚಿನ ಮುದ್ರಣಾಲಯದಲ್ಲಿದೆ ಎಂದು ನನ್ನ ಹಟ. ಅಲ್ಲಿಂದ ಹೊರಟ ಲಕ್ಷ್ಮಿ ಸರಸ್ವತಿಯರೇ ನಮ್ಮ ಅಜ್ಜಿಯರ ದೇವರ ಗೂಡಿಗೆ ಬಂದವರು. ಮುಂದೆ 1913ರಲ್ಲಿ ‘ರಾಜಾ ಹರಿಶ್ಚಂದ್ರ’ ಮಾಡಿದ ದಾದಾಸಾಹೇಬ್ ಫಾಲ್ಕೆ ಮೊದಲು ಕೆಲಸ ಮಾಡಿದ್ದೂ ಆ ಮುದ್ರಣಾಲಯದಲ್ಲೇ. ನಮ್ಮ ತೆರೆಯ ದೇವರುಗಳು ರವಿವರ್ಮನ ಕ್ಯಾಲೆಂಡರ್ ದೇವರ ಹಾಗೆ ನಿಲ್ಲುವುದು ಸುಮ್ಮನೆ ಅಲ್ಲ. ಮೈಸೂರಿನ ಜಗನ್ಮೋಹನ ಅರಮನೆಯಲ್ಲಿರುವ ರವಿವರ್ಮನ ಪೌರಾಣಿಕ ಚಿತ್ರಗಳ ಮುಂದೆ ಒಂದು ಗಂಟೆ ನಿಂತರೆ ನಿಮಗೇ ಹೊಳೆಯುತ್ತದೆ, ಆ ಸೀರೆಯ ನೆರಿಗೆಗಳಿಗೆ ಬೆಳಕು ಯಾವ ಕಡೆಯಿಂದ ಬಿದ್ದಿದೆ ಎಂದು.

ಕನ್ನಡದಲ್ಲಿ ಏನೂ ಇಲ್ಲವೆ?

ಇದೆ. ಕನ್ನಡದ ಮೊದಲ ಪೂರ್ಣ ವರ್ಣ ಸಿನಿಮಾವೇ ಶಿಲ್ಪಿಯೊಬ್ಬನ ಕಥೆ. ಬಿ.ಎಸ್. ರಂಗಾ ಅವರ ‘ಅಮರಶಿಲ್ಪಿ ಜಕಣಾಚಾರಿ’, 1964, ಕಲ್ಯಾಣ್ ಕುಮಾರ್, ಬಿ. ಸರೋಜಾದೇವಿ. ಕಥೆ ನಮ್ಮಲ್ಲಿ ಮಕ್ಕಳಿಗೂ ಗೊತ್ತು: ಬೇಲೂರಿನ ವಿಗ್ರಹದ ಕಲ್ಲಿನಲ್ಲಿ ದೋಷವಿದೆ ಎಂದ ಹುಡುಗ, ಹೊಕ್ಕುಳ ಬಳಿ ಕಪ್ಪೆ, ಮಾತಿಗೆ ಕಟ್ಟುಬಿದ್ದು ಬಲಗೈ ಕಡಿದುಕೊಂಡ ಶಿಲ್ಪಿ, ಆ ಹುಡುಗ ತನ್ನ ಮಗನೇ ಎಂದು ತಿಳಿಯುವುದು, ತುಮಕೂರಿನ ಹತ್ತಿರದ ಕೈದಾಳದಲ್ಲಿ ಕೈ ಮರಳಿ ಬರುವುದು.

ಇತಿಹಾಸಕ್ಕೆ ಬಂದರೆ ಬೇಲೂರಿನ ವಿಗ್ರಹಗಳ ಅಡಿಯಲ್ಲಿ ಬಳ್ಳಿಗಾವಿಯ ದಾಸೋಜ, ಅವನ ಮಗ ಚಾವಣರ ಹೆಸರುಗಳಿವೆ, ಸೋಮನಾಥಪುರದಲ್ಲಿ ಮಲ್ಲಿತಮ್ಮ ಮತ್ತೆ ಮತ್ತೆ ತನ್ನ ಹೆಸರು ಕೆತ್ತಿದ್ದಾನೆ. ನಾನಂತೂ ಈ ಮಲ್ಲಿತಮ್ಮನ ಸಿನಿಮಾಕ್ಕೆ ಕಾಯುತ್ತಿದ್ದೇನೆ. ಏಳೂವರೆ ನೂರು ವರ್ಷದ ಹಿಂದೆ ಬಳಪದ ಕಲ್ಲಿನ ಮೇಲೆ ಸಹಿ ಹಾಕಿದವನಿಗೆ ತನ್ನ ಕೈಯ ಬೆಲೆ ಚೆನ್ನಾಗಿಯೇ ಗೊತ್ತಿತ್ತು.

ಕಲಾವಿದರ ಕೃತಿಗಳನ್ನು ಸಿನಿಮಾದಲ್ಲಿ ತೋರಿಸಲು ಅನುಮತಿ ಬೇಕೆ?

ಬೇಕು. ಚಿತ್ರ ಕೊಂಡವರ ಅನುಮತಿ ಸಾಲದು, ಹಕ್ಕುಸ್ವಾಮ್ಯ ಸಾಮಾನ್ಯವಾಗಿ ಕಲಾವಿದರ ಅಥವಾ ವಾರಸುದಾರರ ಬಳಿಯೇ ಉಳಿದಿರುತ್ತದೆ. ನಮ್ಮ 1957ರ ಕಾಯ್ದೆಯಂತೆ ಕಲಾವಿದರ ಜೀವಮಾನವಿಡೀ, ತೀರಿಕೊಂಡ ಮರುವರ್ಷದಿಂದ 60 ವರ್ಷ. ರವಿವರ್ಮ 1906ರಲ್ಲಿ ತೀರಿಕೊಂಡದ್ದರಿಂದ ತೊಂದರೆಯಿಲ್ಲ. ಕೆ.ಕೆ. ಹೆಬ್ಬಾರ್ ತೀರಿಕೊಂಡದ್ದು 1996ರಲ್ಲಿ, ಲೆಕ್ಕ ನೀವೇ ಹಾಕಿ. ಸಾರ್ವಜನಿಕ ಸ್ಥಳದಲ್ಲಿ ಕಾಯಂ ಆಗಿರುವ ಕೃತಿಗೂ, ಹಿನ್ನೆಲೆಯಲ್ಲಿ ಸುಮ್ಮನೆ ಕಾಣಿಸಿ ಹೋಗುವುದಕ್ಕೂ ವಿನಾಯಿತಿ ಇದೆ. ಇಡೀ ಸಿನಿಮಾವೇ ಆ ಕೃತಿಗಳ ಮೇಲಿದ್ದರೆ ಈ ಎರಡನೆಯ ವಿನಾಯಿತಿಯ ನೆಪ ನಡೆಯದು.

ಅನುಮತಿ ಸಿಗದಿದ್ದರೆ ಕೆಲವೊಮ್ಮೆ ಒಳ್ಳೆಯದೂ ಆಗುತ್ತದೆ. ಚಿತ್ರಕಾರ ಫ್ರಾನ್ಸಿಸ್ ಬೇಕನ್ ಬಗೆಗಿನ ‘ಲವ್ ಈಸ್ ದಿ ಡೆವಿಲ್’ (1998) ಒಂದೂ ಚಿತ್ರ ತೋರಿಸುವಂತಿರಲಿಲ್ಲ. ಆಗ ಮುಖಗಳನ್ನು ಗಾಜಿನ ಲೋಟದ ಆಚೆಯಿಂದ, ವಕ್ರ ಮಸೂರದಿಂದ ತೆಗೆದು ಸಿನಿಮಾದ ಫ್ರೇಮುಗಳನ್ನೇ ಬೇಕನ್ ಚಿತ್ರದ ಹಾಗೆ ಹಿಂಡಿದರು.

ಕ್ಯಾಮೆರಾದಲ್ಲಿ ಚಿತ್ರದ ಬಣ್ಣ ಯಾಕೆ ಬೇರೆ ಬರುತ್ತದೆ?

ಮನೆಯ ಟ್ಯೂಬ್‌ಲೈಟ್ ಆರಿಸಿ, ಮೊದಲ ಕೆಲಸ ಅದು. ಕಿಟಕಿ ಬೆಳಕು, ಎಲ್‌ಇಡಿ ಬೆಳಕು ಎರಡೂ ಬೆರೆತರೆ ಬಿಳಿ ಯಾವುದೆಂದು ಕ್ಯಾಮೆರಾಕ್ಕೆ ತಿಳಿಯುವುದಿಲ್ಲ. ವೈಟ್ ಬ್ಯಾಲೆನ್ಸ್ ಆಟೋದಲ್ಲಿ ಬಿಡಬೇಡಿ. ಪ್ರತಿ ಸೆಟಪ್ಪಿನಲ್ಲೂ ಕಲರ್ ಕಾರ್ಡನ್ನು (ಬಣ್ಣ ಹೋಲಿಸಿ ನೋಡಲು ಇರುವ ಬಣ್ಣದ ಚೌಕಗಳ ಹಲಗೆ) ಚಿತ್ರದ ಪಕ್ಕ ಹಿಡಿದು ಐದು ಸೆಕೆಂಡ್ ತೆಗೆದುಕೊಳ್ಳಿ. ದೀಪ ಬಾಡಿಗೆಗೆ ತರುವುದಾದರೆ ಸಿಆರ್‌ಐ (ಬೆಳಕು ಬಣ್ಣವನ್ನು ಎಷ್ಟು ನಿಜವಾಗಿ ತೋರಿಸುತ್ತದೆ ಎಂಬ ಅಳತೆ) 95ಕ್ಕೆ ಮೇಲಿರುವುದನ್ನೇ ಕೇಳಿ. ನಮ್ಮ ಕರೆಂಟು 50 ಹರ್ಟ್ಜ್‌ನದು, ಶಟರ್ 1/50 ಅಥವಾ 1/100 ಇಟ್ಟರೆ ದೀಪದ ಮಿನುಗಿನಿಂದ ತೆರೆಯ ಮೇಲೆ ಪಟ್ಟೆ ಓಡುವುದಿಲ್ಲ. ಎಣ್ಣೆಬಣ್ಣ ಹೊಳೆದು ಕಣ್ಣು ಕುಕ್ಕಿದರೆ ದೀಪವನ್ನು ಪಕ್ಕಕ್ಕೆ 45 ಡಿಗ್ರಿ ಸರಿಸಿ, ಲೆನ್ಸಿಗೆ ಪೋಲರೈಸರ್ (ಹೊಳಪು ತಗ್ಗಿಸುವ ಗಾಜು) ಹಾಕಿ. ಆದರೆ ಹೊಳಪನ್ನು ಪೂರ್ತಿ ತೆಗೆದರೆ ಬಣ್ಣದ ದಪ್ಪವೂ ಹೋಗಿ ಕ್ಯಾಲೆಂಡರಿನ ಹಾಗೆ ಕಾಣುತ್ತದೆ, ಸ್ವಲ್ಪ ಉಳಿಸಿ.

ಮೈಕ್ ಮರೆಯಬೇಡಿ. ಇದ್ದಿಲು ಕಾಗದದ ಮೇಲೆ ಸರಿಯುವುದು, ಬ್ರಷ್ಷು ಡಬ್ಬಿಯ ಅಂಚಿಗೆ ತಾಗುವುದು, ಇವನ್ನು ಆಮೇಲೆ ಸ್ಟುಡಿಯೋದಲ್ಲಿ ಮಾಡಿಸಿದರೆ ಒಪ್ಪುವುದಿಲ್ಲ.

ಮುಗಿದ ಮೇಲೆ ಕಲಾವಿದರಿಗೆ ತೋರಿಸಿ ಒಪ್ಪಿಗೆ ಪಡೆಯಬೇಕೆ?

ಬದುಕಿದ್ದಾರೆ ಎಂದಮೇಲೆ ತೋರಿಸಬೇಕು. ಒಪ್ಪಿಗೆಯ ಮಾತನ್ನು ಶೂಟಿಂಗ್‌ಗೆ ಮೊದಲೇ ಕಾಗದದಲ್ಲಿ ಬರೆದುಕೊಳ್ಳಿ, ಎಷ್ಟೇ ಸಲಿಗೆ ಇದ್ದರೂ.

ನಮ್ಮ ಮೇಷ್ಟ್ರು ಲ್ಯಾಪ್‌ಟಾಪಿನಲ್ಲಿ ಪೂರ್ತಿ ನೋಡಿ, ತಮ್ಮ ಸಾಲದ ಬಗ್ಗೆ, ಮಾರಾಟವಾಗದ ಚಿತ್ರಗಳ ಬಗ್ಗೆ ಇದ್ದದ್ದಕ್ಕೆ ಏನೂ ಅನ್ನಲಿಲ್ಲ. ಒಂದೇ ಒಂದು ಶಾಟ್ ತೆಗೆ ಎಂದರು. ಅದರಲ್ಲಿ ಅವರು ಬೇರೊಬ್ಬ ಕಲಾವಿದರ ಪುಸ್ತಕ ತೆರೆದಿಟ್ಟುಕೊಂಡು, ಅಲ್ಲಿದ್ದ ಒಂದು ಕೈಯನ್ನು ನೋಡಿ ನೋಡಿ ನಕಲು ಮಾಡುತ್ತಿದ್ದರು, ಎಪ್ಪತ್ತೊಂದನೇ ವಯಸ್ಸಿನಲ್ಲಿ, ಹದಿನಾಲ್ಕು ಸಲ. ನನ್ನ ಕಣ್ಣಿಗೆ ಇಡೀ ಸಿನಿಮಾದ ಜೀವ ಅದೇ ಆಗಿತ್ತು. ಎರಡು ವಾರ ವಾದ ಮಾಡಿದೆ. “ನನ್ನ ಹುಡುಗೂರು ನೋಡ್ತಾರಪಾ, ಬ್ಯಾಡ” ಎಂದರು. ತೆಗೆದೆ. ನಾಲ್ಕು ನಿಮಿಷ ಹನ್ನೆರಡು ಸೆಕೆಂಡಿನದು, ಇನ್ನೂ ಹಾರ್ಡ್‌ಡಿಸ್ಕಿನಲ್ಲಿದೆ.